ಹತ್ತು ಕ್ವಿಂಟಾಲ್ ಇಪ್ಪತ್ತು ಕೆ.ಜಿ. ಕೊಬ್ಬರಿ

ಕಿಬ್ಬನಹಳ್ಳಿ
೧೪ ನವೆಂಬರ್ ೨೦೨೫, ಶುಕ್ರವಾರ

ಸರ್ವಮಂಗಳಕ್ಕನವರಿಗೆ,

ಪರಮೇಶ ಮಾಡುವ ನಮಸ್ಕಾರ. ತೋಂಟದಾರ್ಯ ಭಾವನವರ ಮೊಣಕಾಲು ನೋವು ಈಗ ಹೇಗಿದೆಯೋ ತಿಳಿಯದು. ಒಂದೇ ಊರಿನಲ್ಲಿದ್ದು, ಬೇಲಿಗೆ ಬೇಲಿ ತಗುಲಿದ ತೋಟ ಇಟ್ಟುಕೊಂಡು, ಇಷ್ಟನ್ನೂ ಬಾಯಿಬಿಟ್ಟು ಕೇಳಲಾಗದ ಸ್ಥಿತಿಯನ್ನು ನಾನೇ ತಂದುಕೊಂಡೆ.

ಒಂದೂಮುಕ್ಕಾಲು ವರ್ಷದಿಂದ ನಮ್ಮಿಬ್ಬರ ನಡುವೆ ಓಡಾಡಿದ ಕಾಗದಗಳೆಲ್ಲ ವಕೀಲರ ಕೈಯಿಂದ ಬಂದವು. ಅವುಗಳಲ್ಲಿ ನೀವು ವಾದಿ, ನಾನು ಪ್ರತಿವಾದಿ. ಈ ಕಾಗದವನ್ನು ನಾನು ಯಾರನ್ನೂ ಕೇಳದೆ ಬರೆಯುತ್ತಿದ್ದೇನೆ. ಲಕೋಟೆಯೊಳಗೆ ಇದರ ಜೊತೆ ಇನ್ನೂ ಮೂರು ಕಾಗದಗಳಿವೆ. ಒಂದು, ನಿಮ್ಮ ಹೆಸರಿನ ಡಿ.ಡಿ. ಚೆಕ್ ಕೊಟ್ಟರೆ ನೀವು ನಂಬುವ ಹಾಗೆ ನಾನು ನಡೆದುಕೊಂಡಿಲ್ಲ ಎಂದು ಬ್ಯಾಂಕಿನಲ್ಲಿ ಡಿ.ಡಿ.ಯನ್ನೇ ಮಾಡಿಸಿದೆ. ಎರಡನೆಯದು, ಒಂದು ಹಳೆಯ ತೂಕದ ಚೀಟಿ. ಮೂರನೆಯದು, ಏನೂ ಬರೆಯದ ಛಾಪಾ ಕಾಗದ.

ಡಿ.ಡಿ.ಯಲ್ಲಿರುವ ಮೊತ್ತ ಎರಡು ಲಕ್ಷದ ಎಂಬತ್ತೊಂದು ಸಾವಿರದ ಆರುನೂರು. ಕರಾರಿನಲ್ಲಿ ಮುಂಗಡ ಮೂರು ಲಕ್ಷ ಎಂದಿದೆ, ಬಡ್ಡಿ ಬೇರೆ ಬರಬೇಕು, ಇವನು ಅಸಲಿಗೂ ಕಡಿಮೆ ಕಳಿಸಿದ್ದಾನಲ್ಲ ಎಂದು ನಿಮಗೆ ಸಿಟ್ಟು ಬರುತ್ತದೆ. ಬರಲಿ. ಆದರೆ ಕಾಗದವನ್ನು ಪೂರ್ತಿ ಓದಿದ ಮೇಲೆ ಬೈಯಿರಿ.

೨೦೨೩ರ ಜುಲೈ ಹದಿನಾಲ್ಕು, ಅದೂ ಶುಕ್ರವಾರವೇ. ನಿಮ್ಮ ನಡುಮನೆಯಲ್ಲಿ ಚಾಪೆ ಹಾಸಿ ಕೂತಿದ್ದೆವು. ನಮ್ಮಪ್ಪನಿಂದ ಬಂದ ಹನ್ನೆರಡು ಗುಂಟೆ ತೋಟವನ್ನು ನಿಮಗೆ ಒಂಬತ್ತು ಲಕ್ಷಕ್ಕೆ ಮಾರುವುದು, ಮೂರು ಲಕ್ಷ ಮುಂಗಡ, ಆರು ತಿಂಗಳೊಳಗೆ ರಿಜಿಸ್ಟರ್ ಎಂದು ಮಾತಾಗಿತ್ತು. ನನಗೆ ಆ ವಾರವೇ ಮೂರು ಲಕ್ಷ ಬೇಕಿತ್ತು. ಕಿಬ್ಬನಹಳ್ಳಿ ಕ್ರಾಸಿನಲ್ಲಿ ಬಸ್ ನಿಲ್ಲುವ ಜಾಗದ ಎದುರಿಗೇ ಒಂದು ಮಳಿಗೆ ಖಾಲಿಯಾಗಿತ್ತು. ಇಪ್ಪತ್ತಾರು ವರ್ಷ ಸೈಕಲ್ಲಿನಲ್ಲಿ ಪೇಪರ್ ಹಂಚಿದವನಿಗೆ ಜೆರಾಕ್ಸ್ ಮಿಷನ್ ಇಟ್ಟುಕೊಂಡು ಒಂದು ಕಡೆ ಕೂರುವ ಆಸೆ. ನಿಮ್ಮ ಹತ್ತಿರ ಬ್ಯಾಂಕಿನಲ್ಲಿ ಇದ್ದದ್ದು ಎರಡು ಲಕ್ಷದ ಇಪ್ಪತ್ತು ಸಾವಿರ. ಉಳಿದ ಎಂಬತ್ತು ಸಾವಿರಕ್ಕೆ ನೀವು ತಲೆಯೆತ್ತಿ ಅಟ್ಟ ನೋಡಿದಿರಿ.

ಆ ಅಟ್ಟದ ಮೇಲೆ ಹನ್ನೊಂದು ತಿಂಗಳಿಂದ ಕಾಯಿ ಒಣಗುತ್ತಿತ್ತು. ನಿಮ್ಮ ಮಗಳು ಇಂಪನಾ ಏಣಿ ಹತ್ತಿ ಒಂದು ಕಾಯಿ ತಂದು ನನ್ನ ಕಿವಿಯ ಪಕ್ಕ ಅಲ್ಲಾಡಿಸಿದಳು. ಒಳಗೆ ಒಣಗಿದ ಗಿಟುಕು ಚಿಪ್ಪು ಬಿಟ್ಟುಕೊಂಡು ಲೊಟಲೊಟ ಎಂದಿತು. "ಮಾಮ, ಇದು ಪಾಸು" ಎಂದು ನಕ್ಕಳು. ನೀವು ಮಾತ್ರ ನಗಲಿಲ್ಲ. "ಈಗ ಎಂಟು ಸಾವ್ರಕ್ಕೆ ಕೊಟ್ರೆ ಕೂಲಿನೂ ಹುಟ್ಟಾಕಿಲ್ಲ ಕಣಪ್ಪ. ದೀಪಾವಳಿಗಂಟ ನೋಡಾನ ಅಂತ ಮಡಗಿದೀನಿ" ಎಂದಿರಿ.

ಆಗ ನಾನು ಹೇಳಿದ ಮಾತು ನಿಮಗೆ ನೆನಪಿದೆ. ನನಗೂ ನೆನಪಿದೆ. "ಕೊಬ್ಬರಿ ಇನ್ನು ಏಳೋದಿಲ್ಲ ಅಕ್ಕ, ಪೇಪರ್‌ನಲ್ಲೇ ಬಂದೈತೆ."

ನನ್ನ ಮಾತಿಗೆ ಊರಿನಲ್ಲಿ ಒಂದು ತೂಕವಿತ್ತು. ಬೆಳಿಗ್ಗೆ ಕಟ್ಟು ಬಿಚ್ಚುವಾಗ ನಾಲ್ಕು ಜನ ನಿಂತು "ಪರ್ಮೇಶಣ್ಣ, ತಿಪಟೂರಾಗೆ ಎಷ್ಟಾಯ್ತು?" ಎಂದು ಕೇಳುತ್ತಿದ್ದರು, ನಾನು ಪೇಟೆ ಧಾರಣೆಯ ಕಾಲಂ ಓದಿ ಹೇಳುತ್ತಿದ್ದೆ. ನೀವೂ ಅದನ್ನೇ ನಂಬಿದಿರಿ. "ಪೇಪರ್‌ನೋರೇ ಹಂಗಂದ್ರೆ ಇನ್ನೇನು, ತಕ್ಕೊಂಡೋಗು. ಇವತ್ತಿನ ರೇಟ್ಗೆ ಹತ್ತು ಕ್ವಿಂಟಾಲು" ಎಂದಿರಿ. ಎರಡು ದಿನ ಸುಲಿದು, ಚಿಪ್ಪು ಒಡೆದು, ಇಪ್ಪತ್ತು ಚೀಲ ತುಂಬಿಸಿದಿರಿ. ನಿಮ್ಮ ಮನೆಯ ತೂಗು ತಕ್ಕಡಿಯಲ್ಲಿ ಐವತ್ತು ಕೆ.ಜಿ. ತೋರಿದ ಮೇಲೂ ಒಂದೊಂದು ಚೀಲಕ್ಕೆ ಕೈತುಂಬ ಗಿಟುಕು ಎಸೆದು, "ಇರ್ಲಿ ಬುಡು, ಒಣಗಿ ಇಳೀತದೆ" ಎಂದು ಬಾಯಿ ಹೊಲಿಸಿದಿರಿ.

ಕರಾರು ಬರೆದವನು ನಾನೇ. ನನ್ನ ಅಕ್ಷರ ಚೆನ್ನ, ನಾಲ್ಕು ಅಕ್ಷರ ಕಾನೂನು ಓದಿಕೊಂಡವನು, ಬರೆಸುವವರಿಗೆ ಸುಮ್ಮನೆ ದುಡ್ಡು ಯಾಕೆ ಎಂದು ನೀವೂ ಒಪ್ಪಿದಿರಿ. ಎಲ್ಲೆಕಟ್ಟು ಬರೆದೆ, ಸರ್ವೆ ನಂಬರ್ ಬರೆದೆ. ಮಾರುವವನು ತಪ್ಪಿದರೆ ಮುಂಗಡವನ್ನು ವರ್ಷಕ್ಕೆ ಶೇಕಡ ಹನ್ನೆರಡರ ಬಡ್ಡಿ ಸೇರಿಸಿ ವಾಪಸ್ಸು ಕೊಡತಕ್ಕದ್ದು ಎಂಬ ಷರತ್ತನ್ನೂ ನಾನೇ ಸೇರಿಸಿದೆ. ಆದರೆ ಕೊಬ್ಬರಿಯನ್ನು ಎಲ್ಲಿ ಬರೆಯುವುದು ಎಂದು ಗೊತ್ತಾಗದೆ, ಸುಲಭಕ್ಕೆ ಇರಲೆಂದು, "ಮೂರು ಲಕ್ಷ ರೂಪಾಯಿಗಳನ್ನು ಮುಂಗಡವಾಗಿ ಪಡೆದಿರುತ್ತೇನೆ" ಎಂದು ಒಂದೇ ಸಾಲು ಎಳೆದುಬಿಟ್ಟೆ. ಹತ್ತು ಕ್ವಿಂಟಾಲ್ ಕೊಬ್ಬರಿ ಆ ಸಾಲಿನಲ್ಲಿ ಕಾಣದೆ ಹೋಯಿತು.

ಕರಾರಿನಲ್ಲಿ ಬರೆಯದೆ ಬಿಟ್ಟ ಇನ್ನೊಂದು ಸಂಗತಿಯೂ ಇತ್ತು. ನಿಮ್ಮ ನಡುಮನೆಯಲ್ಲಿ ಆದ ಮಾತನ್ನು ಮುರಿದದ್ದು ಅದೇ.

ನನ್ನ ತಂಗಿ ಸಿದ್ದಗಂಗಳನ್ನು ನೀವು ಬಲ್ಲಿರಿ. ಕಂದಿಕೆರೆಗೆ ಕೊಟ್ಟು ಇಪ್ಪತ್ತೆಂಟು ವರ್ಷವಾಯಿತು. ಅವಳ ಮದುವೆಯ ಮರುದಿನ ಅಪ್ಪ ಅವಳನ್ನು ಆ ತೋಟಕ್ಕೆ ಕರೆದುಕೊಂಡು ಹೋಗಿ, ಕಾಲುವೆ ಬದಿಯ ನಾಲ್ಕು ಮರಗಳಿಗೆ ಅರಿಶಿನ ಕುಂಕುಮ ಹಚ್ಚಿಸಿ, "ಇವು ನಿನ್ನ ಅರಿಶಿನ ಕುಂಕುಮಕ್ಕೆ ಕಣವ್ವ" ಎಂದಿದ್ದರು. ನಮ್ಮ ಕಡೆ ಹೀಗೆ ಕೊಟ್ಟ ಮರಗಳು ಎಷ್ಟೋ ಇವೆ. ಯಾವ ಪಹಣಿಯಲ್ಲೂ ಇರುವುದಿಲ್ಲ. ಅಪ್ಪ ಹೋದ ಮೇಲೂ ಪ್ರತಿ ವರ್ಷ ಗೌರಿ ಹಬ್ಬದ ಬಾಗಿನದ ಜೊತೆ ಆ ನಾಲ್ಕು ಮರದ ಕೊಬ್ಬರಿಯನ್ನು ನಾನು ಕಂದಿಕೆರೆಗೆ ತಲುಪಿಸುತ್ತಿದ್ದೆ. ಖಾತೆ ನನ್ನೊಬ್ಬನ ಹೆಸರಿಗೆ ಮಾಡಿಸುವಾಗ ಅವಳು ಒಂದು ಮಾತು ಕೇಳಿರಲಿಲ್ಲ. ಕೇಳಲಿಲ್ಲವಾದ್ದರಿಂದ ಅವಳಿಗೆ ಬೇಡ ಎಂದು ನಾನು ತಿಳಿದುಕೊಂಡೆ. ಹೆಣ್ಣುಮಕ್ಕಳಿಗೂ ಸಮಪಾಲು ಎಂಬ ಸುದ್ದಿಯನ್ನು ಕತ್ತರಿಸಿ ಕಡತದಲ್ಲಿ ಅಂಟಿಸಿಟ್ಟುಕೊಂಡವನು ನಾನು. ಅದು ನನ್ನ ಮನೆಗೂ ಬಂದ ಸುದ್ದಿ ಎಂದು ಮಾತ್ರ ತೋಚಲಿಲ್ಲ.

ಆ ವರ್ಷದ ಗೌರಿ ಹಬ್ಬಕ್ಕೆ ಕೊಬ್ಬರಿ ಕಳಿಸಲಿಲ್ಲ. ತೋಟ ಹೇಗೂ ನಿಮ್ಮದಾಗುತ್ತದಲ್ಲ ಎಂದು ಅವಳಿಗೆ ಫೋನಿನಲ್ಲೇ ಐನೂರು ರೂಪಾಯಿ ಹಾಕಿದೆ. ಹತ್ತು ನಿಮಿಷಕ್ಕೆ ಅವಳ ಕರೆ ಬಂತು. "ಅಣ್ಣ, ಐನೂರು ಬಂತು. ಮರ ಏನಾದ್ವು?"

ಅಷ್ಟೇ ಕೇಳಿದಳು. ಅತ್ತ ನಿಮ್ಮ ವಕೀಲರು ವಂಶವೃಕ್ಷ ತರಿಸಿ ನೋಡಿ, ತಂಗಿಯ ಸಹಿ ಇಲ್ಲದೆ ರಿಜಿಸ್ಟರ್ ಮಾಡಿಸಿಕೊಳ್ಳಬೇಡಿ ಎಂದರು. ಅವರು ಹೇಳಿದ್ದು ಸರಿಯಾಗಿಯೇ ಇತ್ತು. ನಾನು ಕಂದಿಕೆರೆಗೆ ಹೋಗಿ ಕಾಗದ ಮುಂದಿಟ್ಟೆ. ಅವಳು ನೋಡಲೂ ಇಲ್ಲ. "ಅತ್ತಿಗೆ ತವರಿಂದ ತಂದಿರೋ ಒಂದೂವರೆ ಎಕರೆ ಕೊಬ್ಬರಿ ನಿನ್ನ ಅಟ್ಟದ ಮ್ಯಾಲೆ ಇರ್ಬೌದು. ನನ್ನ ತವರಿನ ನಾಕು ಮರ ನಂಗೆ ಬ್ಯಾಡ್ವಾ?" ಎಂದಳು. ನಾನು ಕಾಗದ ಮಡಚಿಕೊಂಡೆ. ಬಸ್ಸು ಹತ್ತಿ ವಾಪಸ್ಸು ಬಂದೆ.

ಅಲ್ಲಿಂದ ನೇರವಾಗಿ ನಿಮ್ಮ ಮನೆಗೆ ಬಂದು "ಅಕ್ಕ, ತಪ್ಪು ನನ್ನದು, ದುಡ್ಡು ತಿರುಗಿಸಲು ಸ್ವಲ್ಪ ಕಾಲ ಕೊಡಿ" ಎಂದಿದ್ದರೆ ಮುಗಿಯುತ್ತಿತ್ತು. ದುಡ್ಡು ಮಳಿಗೆಯ ಅಡ್ವಾನ್ಸ್ ಮತ್ತು ಮಿಷನ್ ಆಗಿತ್ತು. ಹಾಗಾಗಿ ಇವತ್ತು ನಾಳೆ ಎಂದೆ. ತಂಗಿ ಒಪ್ಪುತ್ತಾಳೆ ಎಂದೆ. ಒಪ್ಪುವುದಿಲ್ಲ ಎಂದು ಗೊತ್ತಿದ್ದೂ ಅಂದೆ. ನೀವು ಉಳಿದ ಆರು ಲಕ್ಷವನ್ನು ಹೊಂದಿಸಿಕೊಂಡು ಜನವರಿಯಲ್ಲಿ ನನ್ನ ಅಂಗಡಿಗೆ ಬಂದಿರಿ. ದೂರದಲ್ಲಿ ನಿಮ್ಮ ನಡಿಗೆ ಕಂಡದ್ದೇ ನಾನು ಪೇಪರ್ ಅಗಲಿಸಿ ಮುಖಕ್ಕೆ ಹಿಡಿದೆ. ನೀವು ಎದುರಿಗೆ ನಿಂತು, "ಅದು ನೆನ್ನೇದು ಕಣ್ಲಾ ಪರ್ಮೇಶ, ಇವತ್ತಿಂದು ಹಿಡ್ಕೊ" ಎಂದಿರಿ. ಪಕ್ಕದ ಬೇಕರಿಯವರು ನಕ್ಕರು. ನೀವು ತಿರುಗಿ ನೋಡದೆ ಹೋದಿರಿ. ಮುಂದಿನ ತಿಂಗಳು ನೋಟಿಸ್ ಬಂತು, ಆಮೇಲೆ ದಾವೆ.

ಈಗ ಒಂದು ವಿಷಯ ಹೇಳಬೇಕು. ಇದನ್ನು ಹೇಳಿದ್ದೇನೆಂದು ಗೊತ್ತಾದರೆ ನನ್ನ ವಕೀಲರು ಆಂಜನಪ್ಪನವರು ನನ್ನ ಕಡತವನ್ನು ಹೊರಗೆಸೆಯುತ್ತಾರೆ. ನಿಮ್ಮ ದಾವೆಯಲ್ಲಿ ಜಮೀನನ್ನು ರಿಜಿಸ್ಟರ್ ಮಾಡಿಸಿಕೊಡಬೇಕು ಎಂಬ ಬೇಡಿಕೆ ಮಾತ್ರ ಇದೆ. ಅದು ಸಾಧ್ಯವಾಗದಿದ್ದರೆ ಮುಂಗಡವನ್ನು ಬಡ್ಡಿ ಸಮೇತ ವಾಪಸ್ಸು ಕೊಡಿಸಿ ಎಂಬ ಸಾಲು ಇಲ್ಲ. ಇಂಥ ದಾವೆಗಳಲ್ಲಿ ಕೇಳದಿದ್ದನ್ನು ನ್ಯಾಯಾಲಯ ತಾನಾಗಿ ಕೊಡಿಸುವುದಿಲ್ಲ. ದಾವೆ ನಡೆಯುತ್ತಿರುವಾಗ ಯಾವ ಹಂತದಲ್ಲಾದರೂ ತಿದ್ದುಪಡಿ ಕೇಳಲು ಅವಕಾಶವಿದೆ, ಆದರೆ ಅದನ್ನು ನೀವೇ ಕೇಳಬೇಕು. ಆಂಜನಪ್ಪನವರು ಮೊದಲ ದಿನವೇ ಇದನ್ನು ಗಮನಿಸಿ, "ಸುಮ್ನಿರಿ, ಅವರಾಗೇ ಕೇಳೋವರೆಗೂ ನಾವ್ಯಾಕೆ ಬಾಯಿ ಬಿಡಾನ" ಎಂದಿದ್ದರು. ನಾನು ಒಂದು ವರ್ಷ ಸುಮ್ಮನಿದ್ದೆ. ನಾಳೆ ನನಗೇ ಏನಾದರೂ ಆಗಿ ಈ ಕಾಗದಕ್ಕೆ ಬೆಲೆ ಇಲ್ಲದೆ ಹೋದರೂ ನಿಮಗೆ ನಷ್ಟವಾಗಬಾರದು. ನಿಮ್ಮ ವಕೀಲರಿಗೆ ಈ ಒಂದು ಪ್ಯಾರಾ ಓದಿ ಹೇಳಿ.

ಈ ವರ್ಷ ಕೊಬ್ಬರಿ ಎದ್ದದ್ದು ನಿಮಗೆ ಗೊತ್ತೇ ಇದೆ. ಜೂನ್‌ನಲ್ಲಿ ಒಂದು ಬೆಳಿಗ್ಗೆ ಕ್ವಿಂಟಾಲಿಗೆ ಇಪ್ಪತ್ತೈದು ಸಾವಿರ ದಾಟಿದ ಸುದ್ದಿಯನ್ನು ನಾನು ಜೋರಾಗಿ ಓದಿದೆ. ಅಂಗಡಿ ಮುಂದೆ ಹತ್ತು ಜನ ಇದ್ದರು. ಚಿಕ್ಕರಂಗಯ್ಯ ಟವೆಲ್ ಎತ್ತಿ ಕುಣಿದೇಬಿಟ್ಟ. ತಿಪಟೂರಿನ ಬಸ್ಸಿಗೆ ಕಾಯುತ್ತ ನೀವೂ ಅಲ್ಲೇ ನಿಂತಿದ್ದಿರಿ. ಎಲ್ಲರ ಗಲಾಟೆ ಇಳಿದ ಮೇಲೆ, ಯಾರನ್ನೂ ಉದ್ದೇಶಿಸದವರಂತೆ ಕೇಳಿದಿರಿ. "ಇದು ಪೇಪರ್‌ನಾಗೇ ಬಂದೈತಾ ಪರ್ಮೇಶ, ಇಲ್ಲ ನೀನೇ ಸೇರ್ಸ್ಕಂಡ್ಯಾ?"

ಬಸ್ಸು ಬಂತು, ನೀವು ಹತ್ತಿದಿರಿ. ನಾನು ಅಂಗಡಿ ಬಾಗಿಲು ಅರ್ಧ ಎಳೆದು ಒಳಗೆ ಕೂತು ಹಳೆಯ ಪೇಪರಿನ ಕಟ್ಟುಗಳನ್ನು ಬಿಚ್ಚಿದೆ. ೨೦೨೩ರ ಜುಲೈ ಮೊದಲ ಎರಡು ವಾರಗಳ ಸಂಚಿಕೆಗಳು ಒಂದೂ ಕಳೆದಿರಲಿಲ್ಲ. ಕೊಬ್ಬರಿ ಬೆಲೆ ಕುಸಿದಿದೆ, ಬೆಳೆಗಾರರು ಆತಂಕದಲ್ಲಿದ್ದಾರೆ, ಬೆಂಬಲ ಬೆಲೆಯಲ್ಲಿ ಖರೀದಿಸಬೇಕೆಂದು ಒತ್ತಾಯ ಕೇಳಿಬಂದಿದೆ ಎಂದಿತ್ತು. ಇನ್ನು ಏಳುವುದಿಲ್ಲ ಎಂದು ಯಾವ ಪುಟದಲ್ಲೂ, ಯಾವ ವರದಿಗಾರನೂ ಬರೆದಿರಲಿಲ್ಲ. ಆ ಸಾಲು ನನ್ನದು. ನನಗೆ ಆ ವಾರ ಮೂರು ಲಕ್ಷ ಬೇಕಿತ್ತು, ಅದಕ್ಕೆ ಸೇರಿಸಿಕೊಂಡೆ. ಅದನ್ನು ಹೇಳುವಾಗ ನಾನೂ ನಂಬಿದ್ದೆನೇ ಎಂದು ಎಷ್ಟೋ ಸಲ ಕೇಳಿಕೊಂಡಿದ್ದೇನೆ. ಸರಿಯಾಗಿ ನೆನಪಾಗುವುದಿಲ್ಲ.

ಅದೇ ಕಟ್ಟಿನಲ್ಲಿ ಈ ಚೀಟಿ ಸಿಕ್ಕಿತು. ನಿಮ್ಮ ಕೊಬ್ಬರಿಯನ್ನು ಚೀಲ ಹೊಲಿದ ಮರುದಿನವೇ ತಿಪಟೂರಿನಲ್ಲಿ ನಜೀರ್ ಅಹಮದ್ ಅವರ ಮಂಡಿಗೆ ಹಾಕಿದ್ದೆ. ಕ್ವಿಂಟಾಲಿಗೆ ಏಳು ಸಾವಿರದ ಒಂಬೈನೂರು ಕೊಟ್ಟರು. ಚೀಟಿಯಲ್ಲಿ ತಾರೀಕು, ನನ್ನ ಹೆಸರು, ತೂಕ ಮೂರೂ ಇವೆ. ತೂಕ ನೋಡಿ ಅಕ್ಕ. ಹತ್ತು ಕ್ವಿಂಟಾಲ್ ಇಪ್ಪತ್ತು ಕೆ.ಜಿ. ನೀವು ಚೀಲಚೀಲಕ್ಕೂ ಎಸೆದ ಕೈತುಂಬದ್ದೆಲ್ಲ ಸೇರಿ ಇಪ್ಪತ್ತು ಕೆ.ಜಿ. ಆಗಿತ್ತು. ಅದರ ದುಡ್ಡನ್ನೂ ಎಣಿಸಿಕೊಂಡು ಬಂದಿದ್ದೆ, ನಿಮಗೆ ಹೇಳಿರಲಿಲ್ಲ. ನೀವು ಕೊಬ್ಬರಿ ಕೊಟ್ಟಿರಿ ಎನ್ನುವುದಕ್ಕೆ ಬರಹದಲ್ಲಿರುವ ಸಾಕ್ಷಿ ಇದೊಂದೇ. ಇದು ನನ್ನ ಹತ್ತಿರ ಇರುವುದಕ್ಕಿಂತ ನಿಮ್ಮ ಹತ್ತಿರ ಇರಲಿ.

ಲೆಕ್ಕವನ್ನು ಆಂಜನಪ್ಪನವರ ಮುಂದಿಟ್ಟೆ. ಕಾಗದದ ಪ್ರಕಾರ ಹೋದರೆ ಮೂರು ಲಕ್ಷ ಅಸಲು, ಎರಡು ವರ್ಷ ನಾಲ್ಕು ತಿಂಗಳ ಬಡ್ಡಿ ಎಂಬತ್ನಾಲ್ಕು ಸಾವಿರ, ಒಟ್ಟು ಮೂರು ಲಕ್ಷದ ಎಂಬತ್ನಾಲ್ಕು ಸಾವಿರ. ಅಷ್ಟು ಕಟ್ಟಿದರೆ ನನ್ನ ಕೈ ತೊಳೆದಂತೆ. ಕೊಬ್ಬರಿಯನ್ನು ಕೊಬ್ಬರಿಯಾಗಿಯೇ ಹಿಂದಿರುಗಿಸಿದರೆ ಒಂದೂವರೆ ಲಕ್ಷಕ್ಕೂ ಹೆಚ್ಚು ಹೊರೆ. ಅವರು ಕನ್ನಡಕ ತೆಗೆದು ನನ್ನನ್ನು ನೋಡಿದರು. "ನೀವು ಮಾರಿದ್ದು ಏಳು ಸಾವಿರದ ಒಂಬೈನೂರಕ್ಕೆ ಕಣ್ರೀ. ಲಾಭ ನಿಮಗೂ ಬಂದಿಲ್ಲ. ಆಯಮ್ಮನೂ ಎರಡು ವರ್ಷ ಅಟ್ಟದಲ್ಲೇ ಇಟ್ಕೊಂಡು ಕೂರ್ತಿರ್ಲಿಲ್ಲ. ಇದ್ಯಾವ ಲೆಕ್ಕ?" ಎಂದರು.

ಅವರ ಮಾತಿನಲ್ಲಿ ಸುಳ್ಳಿಲ್ಲ. ನೀವು ಬಹುಶಃ ಮರುವರ್ಷ ಸರ್ಕಾರದ ಖರೀದಿ ಕೇಂದ್ರಕ್ಕೆ ಹಾಕುತ್ತಿದ್ದಿರಿ, ಹನ್ನೆರಡು ಸಾವಿರದ ಆಸುಪಾಸು ಸಿಗುತ್ತಿತ್ತು. ಆದರೆ ಅದನ್ನು ತೀರ್ಮಾನ ಮಾಡುವ ಹಕ್ಕು ನಿಮ್ಮದಾಗಿತ್ತು, ಅದನ್ನು ನಾನು ಒಂದು ಸುಳ್ಳು ಸಾಲು ಹೇಳಿ ತೆಗೆದುಕೊಂಡೆ. ಮಾತು ಉಳಿಸಿಕೊಂಡಿದ್ದರೆ ಕೊಬ್ಬರಿಯ ಬದಲು ನಿಮಗೆ ನೆಲ ಸಿಕ್ಕಿರುತ್ತಿತ್ತು, ಈ ಲೆಕ್ಕವೇ ಹುಟ್ಟುತ್ತಿರಲಿಲ್ಲ. ಮಾತು ಮುರಿದವನು ಎದುರಿನವರನ್ನು ಮೊದಲಿದ್ದ ಜಾಗಕ್ಕೇ ತಂದು ನಿಲ್ಲಿಸಬೇಕು. ನೀವು ಮೊದಲು ನಿಂತಿದ್ದದ್ದು ಬ್ಯಾಂಕಿನಲ್ಲಿ ಎರಡು ಲಕ್ಷದ ಇಪ್ಪತ್ತು ಸಾವಿರ, ಅಟ್ಟದ ಮೇಲೆ ಹತ್ತು ಕ್ವಿಂಟಾಲ್ ಇಪ್ಪತ್ತು ಕೆ.ಜಿ. ಕೊಬ್ಬರಿ ಇಟ್ಟುಕೊಂಡು.

ಆದ್ದರಿಂದ ಡಿ.ಡಿ.ಯಲ್ಲಿರುವುದು ನೀವು ಬ್ಯಾಂಕಿನಿಂದ ಕೊಟ್ಟ ಎರಡು ಲಕ್ಷದ ಇಪ್ಪತ್ತು ಸಾವಿರ ಮತ್ತು ಅದಕ್ಕೆ ಇವತ್ತಿನವರೆಗಿನ ಹನ್ನೆರಡರ ಬಡ್ಡಿ ಅರವತ್ತೊಂದು ಸಾವಿರದ ಆರುನೂರು. ಮಳಿಗೆ ಬಿಟ್ಟುಕೊಟ್ಟೆ. ನಜೀರ್ ಸಾಹೇಬರ ಮಗ ಕಾಮ್ರಾನ್ ಅಲ್ಲಿ ಮೊಬೈಲ್ ರಿಪೇರಿ ಇಡುತ್ತಾನೆ. ಅಡ್ವಾನ್ಸಿನ ಎರಡು ಲಕ್ಷ, ಜೆರಾಕ್ಸ್ ಮಿಷನ್ನಿಗೆ ಐವತ್ತೈದು ಸಾವಿರ ಕೊಟ್ಟ. ಉಳಿದದ್ದನ್ನು ನನ್ನಾಕೆ ತನ್ನ ಸಂಘದ ಉಳಿತಾಯದಿಂದ ತೆಗೆದುಕೊಟ್ಟಳು. ಕೊಡುವಾಗ, "ಈಗ್ಲಾದ್ರೂ ಸರ್ವಮಂಗಳಕ್ಕನ ಎದುರಿಗೆ ಸಿಕ್ಕಿದ್ರೆ ಮುಖ ಎತ್ತಿ ಮಾತಾಡ್ಸಬೌದಲ್ಲ ನಾನು" ಎಂದಳು. ಅವಳೂ ನಿಮ್ಮನ್ನು ಕಂಡರೆ ದಾರಿ ಬದಲಿಸುತ್ತಿದ್ದಳೆಂದು ನನಗೆ ಅಲ್ಲಿಯವರೆಗೆ ಗೊತ್ತಿರಲಿಲ್ಲ. ನಾನು ಮತ್ತೆ ಸೈಕಲ್ ಹತ್ತಿದ್ದೇನೆ. ಮಳಿಗೆಯ ಮುಂದೆ ಒಂದು ಮೇಜಿಗೆ ಕಾಮ್ರಾನ್ ಜಾಗ ಬಿಟ್ಟಿದ್ದಾನೆ, ಬಾಡಿಗೆ ಕೇಳಿಲ್ಲ, ದಿನಾ ಒಂದು ಪೇಪರ್ ಬಿಟ್ಟಿ ಓದುತ್ತಾನೆ.

ಈ ಸಲದ ಗೌರಿ ಹಬ್ಬಕ್ಕೆ ನಾನು ಕಂದಿಕೆರೆಗೆ ಹೋದೆ. ಬಾಗಿನದ ಜೊತೆ ಆ ನಾಲ್ಕು ಮರದ ಮೂರು ವರ್ಷದ ಕೊಬ್ಬರಿ, ಹತ್ತಿರ ಹತ್ತಿರ ಒಂದೂವರೆ ಕ್ವಿಂಟಾಲ್, ಆಟೋದಲ್ಲಿ ಹಾಕಿಕೊಂಡು ಹೋಗಿದ್ದೆ. ಸಿದ್ದಗಂಗ ಚೀಲ ಮುಟ್ಟಿ ನೋಡಿದಳು, ಒಳಗೆ ಹೋಗಿ ನೀರು ತಂದುಕೊಟ್ಟಳು. ನಾನು ಹೇಳಿದೆ: ಹನ್ನೆರಡು ಗುಂಟೆಯಲ್ಲಿ ಆರು ನಿನ್ನದು, ನಾಲ್ಕು ಮರ ಇರುವ ಕಾಲುವೆ ಕಡೆಯದೇ ನಿನಗೆ ಬರಲಿ, ವಿಭಾಗಪತ್ರ ಮಾಡಿಸೋಣ. ಅಕ್ಟೋಬರ್‌ನಲ್ಲಿ ತಿಪಟೂರಿನಲ್ಲಿ ಅದನ್ನು ರಿಜಿಸ್ಟರ್ ಮಾಡಿಸಿದೆವು. ಆಫೀಸಿನ ಮೆಟ್ಟಿಲಿಳಿಯುತ್ತ ಅವಳು ಕೇಳಿದಳು. "ಅಲ್ಲ ಕಣಣ್ಣ, ಆಯಕ್ಕನಿಗೆ ತಮ್ದೇ ಅಷ್ಟೊಂದು ತೋಟ ಐತೆ. ನಮ್ದು ಯಾಕೆ ಬೇಕಾಗಿತ್ತು?"

ನಾನು ಹೇಳಿದೆ. ನಿಮ್ಮ ತೋಟ ಭಾವನವರ ಅಣ್ಣತಮ್ಮಂದಿರ ಜಂಟಿ ಖಾತೆಯಲ್ಲಿದೆ, ಇಂಪನಾ ತೋಟಗಾರಿಕೆ ಡಿಪ್ಲೊಮಾ ಮುಗಿಸಿ ತೆಂಗಿನ ಸಸಿಗಳ ನರ್ಸರಿ ಮಾಡಬೇಕೆಂದಿದ್ದಾಳೆ, ಬ್ಯಾಂಕಿನವರು ಅವಳ ಹೆಸರಿನ ಪಹಣಿ ಕೇಳುತ್ತಾರೆ, ಆ ಹನ್ನೆರಡು ಗುಂಟೆಯನ್ನು ಅವಳ ಹೆಸರಿಗೇ ಮಾಡಿಸಬೇಕೆಂದು ನೀವು ಅಂದುಕೊಂಡಿದ್ದಿರಿ ಎಂದು. ಸಿದ್ದಗಂಗ ಮೆಟ್ಟಿಲ ಮೇಲೇ ನಿಂತಳು. "ಹೆಣ್ಮಗಳ ಹೆಸ್ರಿಗೆ ಅಂತ ಆವತ್ತೇ ಯಾಕೆ ಬಾಯಿ ಬಿಡ್ಲಿಲ್ಲ ನೀನು?" ಎಂದಳು. ಹೇಳಬೇಕಾದವರಿಗೆ ಹೇಳಬೇಕಾದದ್ದನ್ನು ನಾನು ಹೇಳದೆ ಬಿಟ್ಟ ಪಟ್ಟಿಗೆ ಇದೂ ಸೇರಿತು.

ನನ್ನಾಕೆಯ ತೋಟದ ಈ ವರ್ಷದ ಕೊಬ್ಬರಿ ಏಳು ಕ್ವಿಂಟಾಲ್ ಚಿಲ್ಲರೆ ಆಗಿತ್ತು. ಇನ್ನು ಮೂರು ಬೇಕಿತ್ತು. ಬಸ್‌ಸ್ಟ್ಯಾಂಡಿನಲ್ಲಿ ಟೀ ಕುಡಿಯುತ್ತ ಲೆಕ್ಕ ಹೇಳಿದ್ದಕ್ಕೆ ಸಿದ್ದಗಂಗ, "ನಮ್ಮನೆ ಅಟ್ಟದಿಂದ ಮೂರು ನಾನು ಕೊಡ್ತೀನಿ, ಬರೋ ವರ್ಷ ವಾಪಸ್ ಕೊಡು. ಆದ್ರೆ ಆ ಇಪ್ಪತ್ ಕೆ.ಜಿ. ನಿಂದೇ ಇರ್ಲಿ. ಕದ್ದೋನು ನೀನಲ್ವಾ" ಎಂದಳು. ಮೂರು ವರ್ಷದಲ್ಲಿ ಮೊದಲ ಸಲ ಇಬ್ಬರೂ ಒಟ್ಟಿಗೆ ನಕ್ಕೆವು. ಅವಳ ಮೂರು ಕ್ವಿಂಟಾಲನ್ನು ಬರೆದುಕೊಟ್ಟೇ ತಂದೆ.

ಕೊಬ್ಬರಿ ಈಗ ನಮ್ಮ ಮನೆಯಲ್ಲಿ ಚೀಲ ಕಟ್ಟಿ ಸಿದ್ಧವಾಗಿದೆ. ಬರುವ ಭಾನುವಾರ ಬಿಟ್ಟು ಅದರ ಮುಂದಿನ ಭಾನುವಾರ, ಇಪ್ಪತ್ಮೂರನೇ ತಾರೀಕು ಬೆಳಿಗ್ಗೆ ಎಂಟಕ್ಕೆ ಕರಿಬಸವಯ್ಯನ ಟ್ರ್ಯಾಕ್ಟರ್ ನಿಮ್ಮ ತೋಟದ ಗೇಟಿನ ಮುಂದೆ ನಿಲ್ಲುತ್ತದೆ. ಗೇಟು ತೆಗೆಯುವುದು ಬಿಡುವುದು ನಿಮಗೆ ಬಿಟ್ಟದ್ದು. ತೆಗೆದರೆ, ಹಿಂದೆ ತೂಗಿದ ಅದೇ ತಕ್ಕಡಿಯಲ್ಲಿ ನೀವೇ ತೂಗಿಸಿ. ಅಟ್ಟಕ್ಕಾದರೂ ಏರಿಸಿ, ಮಂಡಿಗಾದರೂ ಕಳಿಸಿ. ಬೆಲೆ ಏಳುತ್ತದೋ ಇಳಿಯುತ್ತದೋ ನನ್ನನ್ನು ಕೇಳಬೇಡಿ. ಇವತ್ತಿನ ಧಾರಣೆ ಎಷ್ಟು ಎಂದು ಕೇಳಿದರೆ ಓದಿ ಹೇಳುತ್ತೇನೆ, ಅದರಾಚೆ ಒಂದು ಅಕ್ಷರ ಸೇರಿಸುವುದಿಲ್ಲ.

ಇಷ್ಟು ನಾನು ಕೊಡಬೇಕಾದದ್ದು. ಇದಕ್ಕೆ ಯಾವ ಷರತ್ತೂ ಇಲ್ಲ. ಡಿಸೆಂಬರ್ ನಾಲ್ಕಕ್ಕೆ ಕೋರ್ಟಿನ ವಾಯಿದೆ ಇದೆ. ಆ ದಿನ ರಾಜಿ ಅರ್ಜಿ ಹಾಕುತ್ತೀರೋ, ದಾವೆ ಮುಂದುವರಿಸುತ್ತೀರೋ ನಿಮ್ಮಿಷ್ಟ. ಮುಂದುವರಿಸಿದರೂ ಇವು ನಿಮ್ಮವೇ.

ಇನ್ನೊಂದು ಮಾತು ಇದೆ, ಇದನ್ನು ಬೇರೆಯಾಗಿಯೇ ಓದಿಕೊಳ್ಳಿ. ವಿಭಾಗದಲ್ಲಿ ನನ್ನ ಪಾಲಿಗೆ ಬಂದದ್ದು ರಸ್ತೆ ಕಡೆಯ ಆರು ಗುಂಟೆ. ಅದು ನನ್ನೊಬ್ಬನದೇ ಎಂದು ಈಗ ಕಾಗದವೂ ಹೇಳುತ್ತದೆ, ಸಿದ್ದಗಂಗಳೂ ಹೇಳುತ್ತಾಳೆ. ಸಸಿ ಕೊಳ್ಳಲು ಬರುವವರ ಗಾಡಿ ನಿಲ್ಲುವುದಕ್ಕೆ ರಸ್ತೆ ಬದಿಯೇ ಅನುಕೂಲ. ಆರು ಗುಂಟೆ ನರ್ಸರಿಗೆ ಸಾಕಾಗುತ್ತದೆಯೇ ಎಂಬುದನ್ನು ಇಂಪನಾ ಹೇಳಬೇಕು, ನನಗೆ ಗೊತ್ತಿಲ್ಲ. ಸಾಕು ಎಂದರೆ, ಎರಡು ವರ್ಷದ ಹಿಂದಿನ ಬೆಲೆಗೇ, ಗುಂಟೆಗೆ ಎಪ್ಪತ್ತೈದು ಸಾವಿರದಂತೆ, ಅವಳ ಹೆಸರಿಗೆ ಮಾಡಿಕೊಡುತ್ತೇನೆ. ಮುಂಗಡ ಬೇಡ. ರಿಜಿಸ್ಟರ್ ಆಫೀಸಿನಲ್ಲಿ ನಾನು ಸಹಿ ಹಾಕಿದ ಮೇಲೆ ದುಡ್ಡು ಕೊಡಿ. ಸಾಕ್ಷಿಗೆ ಸಿದ್ದಗಂಗ ಬರುತ್ತಾಳೆ. ಅವಳೇ ಹೇಳಿ ಕಳಿಸಿದ್ದಾಳೆ, "ಹಸಿರು ಬಳೆ ಹಾಕ್ಕೊಂಡು ಬತ್ತೀನಿ ಅನ್ನು" ಎಂದು. ಬೇಡ ಎಂದರೆ ನನಗೆ ಬೇಸರವಿಲ್ಲ. ಬೇಡ ಎನ್ನಲು ನಿಮಗೆ ಎರಡು ವರ್ಷದ ಕಾರಣಗಳಿವೆ.

ಖಾಲಿ ಛಾಪಾ ಕಾಗದ ಯಾಕೆ ಎಂದು ಈಗ ತಿಳಿದಿರಬೇಕು. ಭಾನುವಾರ ಕೊಬ್ಬರಿ ತೂಗಿದ ಮೇಲೆ ಒಂದು ರಸೀದಿ ಆಗಬೇಕಲ್ಲ. ಕೊಟ್ಟದ್ದೆಷ್ಟು, ಪಡೆದದ್ದೆಷ್ಟು, ದುಡ್ಡು ಎಷ್ಟು, ಕೊಬ್ಬರಿ ಎಷ್ಟು, ಯಾವ ದಿನ, ಯಾರ ಎದುರು, ಎಲ್ಲವೂ ಅದರಲ್ಲಿ ಇರಬೇಕು. ಕೈತುಂಬ ಎಸೆದದ್ದೂ ಇರಬೇಕು. ನನ್ನ ಅಕ್ಷರ ಚೆನ್ನಾಗಿರಬಹುದು, ಅದರಿಂದ ಆದದ್ದನ್ನು ಇಬ್ಬರೂ ನೋಡಿದ್ದೇವೆ. ಈ ಸಲ ಇಂಪನಾ ಬರೆಯಲಿ. ಅವಳು ಓದಿ ಹೇಳಲಿ, ನೀವು ಸರಿಯಿದೆ ಅನ್ನಿ. ಆಮೇಲೆ ಕೊನೆಯಲ್ಲಿ ಒಂದು ಬೆರಳಗಲ ಜಾಗ ಬಿಟ್ಟಿದ್ದರೆ ನಾನು ಸಹಿ ಹಾಕುತ್ತೇನೆ.

ಭಾವನವರ ಮೊಣಕಾಲಿಗೆ ಆರಾಮವಾಗಲಿ. ಇಂಪನಾ ಎಲ್ಲಿ ಸಸಿಮಡಿ ಮಾಡಿದರೂ, ನನ್ನ ನೆಲದಲ್ಲಾಗಲಿ ಬೇರೆಯವರ ನೆಲದಲ್ಲಾಗಲಿ, ಇಟ್ಟ ಕಾಯಿಗಳೆಲ್ಲ ಮೊಳಕೆಯೊಡೆದು ಅವಳ ಹೆಸರಿನಲ್ಲೇ ಮಾರಾಟವಾಗಲಿ.

ಇಪ್ಪತ್ಮೂರರ ಬೆಳಿಗ್ಗೆ ಎಂಟಕ್ಕೆ, ಗೇಟಿನ ಹೊರಗೆ ಕಾಯುವ,

ನಿಮ್ಮ
ಪರಮೇಶ